ಸಿಗರೇಟು ಬಿಟ್ಟರೆ ಮೈ ಬರುವುದೇಕೆ?

ಸಂಪಾದಕರಿಗೆ,

ಮಾನ್ಯರೆ,

ಪ್ರತಿ ವರ್ಷ ಮೇ 31ರ ತಂಬಾಕು ವಿರೋಧಿ ದಿನದ ಭಾಷಣಗಳಲ್ಲಿ ಕ್ಯಾನ್ಸರಿನ ಮಾತು ಬರುತ್ತದೆ, ತೂಕದ ಮಾತು ಬರುವುದಿಲ್ಲ. ಆದರೆ ಸಿಗರೇಟು ಬಿಟ್ಟವರು ಎರಡು ಮೂರು ತಿಂಗಳಲ್ಲಿ ಮತ್ತೆ ಹಚ್ಚುವುದಕ್ಕೆ ಪ್ಯಾಂಟು ಬಿಗಿಯಾದದ್ದೂ ಒಂದು ಕಾರಣ. ‘ಸೇದುವಾಗಲೇ ಸಪೂರ ಇದ್ದೆ’ ಎಂಬ ಅವರ ದೂರು ಸುಳ್ಳೇನಲ್ಲ. ಅದನ್ನು ಮೊದಲೇ ತಿಳಿಸಿ ಹೇಳದಿರುವುದು ಆಪ್ತಸಲಹೆಗಾರರಾದ ನಮ್ಮ ಕಡೆಯ ತಪ್ಪು.

ಮಿದುಳಿನ ಹೈಪೋಥಲಮಸ್‌ನಲ್ಲಿ ‘ಹೊಟ್ಟೆ ತುಂಬಿತು’ ಎಂದು ತಿಳಿಸುವ ನರಕೋಶಗಳಿವೆ. ಊಟ ಮಾಡದಿದ್ದರೂ ತಂಬಾಕಿನಲ್ಲಿರುವ ನಿಕೋಟಿನ್ ಅವನ್ನು ಕೆಣಕುತ್ತದೆ. 2011ರಲ್ಲಿ ಇಲಿಗಳ ಮೇಲೆ ನಡೆದ ಸಂಶೋಧನೆ ಇದನ್ನು ತೋರಿಸಿತು. ಜೊತೆಗೆ ಅಡ್ರಿನಲಿನ್ ಹೆಚ್ಚಿ ಎದೆಬಡಿತ ಏರುತ್ತದೆ, ಸುಮ್ಮನೆ ಕೂತಿದ್ದರೂ ಮೈ ಹೆಚ್ಚು ಶಕ್ತಿ ಸುಡುತ್ತದೆ. ದಿನಕ್ಕೆ 24 ಸಿಗರೇಟು ಸೇದುವವರಲ್ಲಿ ಈ ಹೆಚ್ಚಳ ಸುಮಾರು 10%ರಷ್ಟು. ಬಿಟ್ಟೊಡನೆ ಎರಡೂ ನಿಲ್ಲುತ್ತವೆ. ನಾಲಿಗೆಗೆ ರುಚಿ, ಮೂಗಿಗೆ ವಾಸನೆ ಮರಳುತ್ತದೆ, ಪಂದಿಕರಿಯ ಜೊತೆ ಇನ್ನೆರಡು ಕಡಂಬುಟ್ಟು (ಅಕ್ಕಿ ತರಿಯ ಉಂಡೆ) ಇಳಿಯುತ್ತದೆ. ವರ್ಷದಲ್ಲಿ ಸರಾಸರಿ 4ರಿಂದ 5 ಕೆ.ಜಿ. ಏರುತ್ತದೆ, ಅದರಲ್ಲಿ ಅರ್ಧಕ್ಕಿಂತ ಹೆಚ್ಚು ಮೊದಲ ಮೂರು ತಿಂಗಳಲ್ಲೇ. ಎಲ್ಲರಿಗೂ ಹೀಗೇ ಅಂತಿಲ್ಲ: ಆರರಲ್ಲಿ ಒಬ್ಬರ ತೂಕ ಇಳಿಯುವುದೂ ಉಂಟು, ಎಂಟರಲ್ಲಿ ಒಬ್ಬರಿಗೆ 10 ಕೆ.ಜಿ. ದಾಟುವುದೂ ಉಂಟು.

ಹಾಗೆಂದು ಸೇದುವವರ ಸಪೂರ ಮೈ ಆರೋಗ್ಯದ ಲಕ್ಷಣವಲ್ಲ. ತೂಕ ಕಡಿಮೆ ಇದ್ದರೂ ಅವರ ಕೊಬ್ಬು ಹೊಟ್ಟೆಯ ಸುತ್ತ ಕೂರುತ್ತದೆ. ಸಕ್ಕರೆ ಕಾಯಿಲೆ ಬರುವ ಸಂಭವ 30–40% ಹೆಚ್ಚು.

ಇನ್ನು ಕಾಫಿ. ಕೊಡಗಿನಲ್ಲಿ ಇದನ್ನು ಬಿಟ್ಟು ಮಾತಾಡಿ ಪ್ರಯೋಜನವಿಲ್ಲ. ಹೊಗೆಯಲ್ಲಿರುವ ಟಾರ್ (ನಿಕೋಟಿನ್ ಅಲ್ಲ) ಯಕೃತ್ತಿನ ಒಂದು ಕಿಣ್ವವನ್ನು ಚುರುಕಾಗಿಸುತ್ತದೆ, ಅದರಿಂದ ಸೇದುವವರ ಮೈಯಲ್ಲಿ ಕೆಫೀನ್ ಬೇಗ ಕರಗುತ್ತದೆ. ಬಿಟ್ಟ ಒಂದು ವಾರದಲ್ಲಿ ಆ ಚುರುಕು ಇಳಿಯುತ್ತದೆ. ಆಗ ಕುಡಿಯುವುದು ಅದೇ ಐದು ಲೋಟವಾದರೂ ರಕ್ತದಲ್ಲಿ ಕೆಫೀನ್ ಹೆಚ್ಚುಕಡಿಮೆ ದುಪ್ಪಟ್ಟು. ಕೈ ನಡುಕ, ಸಿಡುಕು, ರಾತ್ರಿ ನಿದ್ದೆಯಿಲ್ಲ. ಇದೆಲ್ಲ ಸಿಗರೇಟು ಬಿಟ್ಟದ್ದರ ಫಲ ಎಂದುಕೊಂಡು ಜನ ಸೋಲುತ್ತಾರೆ. ನಿದ್ದೆಗೆಟ್ಟರೆ ಹಸಿವು ಇನ್ನೂ ಹೆಚ್ಚು. ಆದ್ದರಿಂದ ಬಿಡುವ ದಿನದಿಂದಲೇ ಕಾಫಿಯನ್ನು ಅರ್ಧಕ್ಕೆ ಇಳಿಸಬೇಕು. ಲೋಟಕ್ಕೆ ಎರಡು ಚಮಚ ಸಕ್ಕರೆಯಂತೆ ಐದು ಲೋಟಕ್ಕೆ 200 ಕ್ಯಾಲೊರಿ. ಸಿಗರೇಟು ಬಿಟ್ಟವರು ಮೊದಲಿಗಿಂತ ದಿನಕ್ಕೆ ಹೆಚ್ಚುವರಿಯಾಗಿ ತಿನ್ನುವುದೂ ಸುಮಾರು 200–300 ಕ್ಯಾಲೊರಿಯೇ. ಬೆಲ್ಲದ ಕಾಫಿ ಆದರೂ ಲೆಕ್ಕ ಅಷ್ಟೇ, ಬೆಲ್ಲಕ್ಕೆ ರಿಯಾಯಿತಿ ಇಲ್ಲ.

ನಿಕೋಟಿನ್ ಗಮ್ ತೂಕ ಏರುವುದನ್ನು ತಡೆಯದಿದ್ದರೂ ಮುಂದೂಡುತ್ತದೆ, ಅಷ್ಟರಲ್ಲಿ ಊಟದ ಅಭ್ಯಾಸ ಸರಿಪಡಿಸಿಕೊಳ್ಳಬಹುದು. ಎದ್ದ ಅರ್ಧ ಗಂಟೆಯೊಳಗೆ ಮೊದಲನೆಯದನ್ನು ಹಚ್ಚುವವರಿಗೆ 4 ಮಿ.ಗ್ರಾಂ. (ವೈದ್ಯರನ್ನು ಕೇಳಿಯೇ), ಉಳಿದವರಿಗೆ 2 ಮಿ.ಗ್ರಾಂ. ಮೊದಲ ಆರು ವಾರ ಒಂದೆರಡು ಗಂಟೆಗೊಂದು, ಆಮೇಲೆ ಮೂರು ವಾರ 2–4 ಗಂಟೆಗೊಂದು, ಕೊನೆಯ ಮೂರು ವಾರ 4–8 ಗಂಟೆಗೊಂದು. ಇದನ್ನು ಬಬಲ್ ಗಮ್ಮಿನಂತೆ ಜಗಿದರೆ ನಿಕೋಟಿನ್ ಹೊಟ್ಟೆಗಿಳಿದು ಬಿಕ್ಕಳಿಕೆ, ಎದೆಯುರಿ, ವಾಕರಿಕೆ ಬರುತ್ತದೆ. ನಿಧಾನಕ್ಕೆ ಅಗಿದು, ಖಾರ ಚುರುಗುಟ್ಟಿದೊಡನೆ ಕೆನ್ನೆ ಒಸಡಿನ ನಡುವೆ ಒತ್ತಿಡಬೇಕು. ಚುರುಕು ಇಳಿದ ಮೇಲೆ ಮತ್ತೆ ಅಗಿಯುವುದು, ಹೀಗೆ ಅರ್ಧ ಗಂಟೆ. ಅದಕ್ಕೂ 15 ನಿಮಿಷ ಮೊದಲು ಕಾಫಿ, ನಿಂಬೆ ಪಾನಕ ಕುಡಿಯಬಾರದು. ಬಾಯಿ ಹುಳಿಯಾಗಿದ್ದರೆ ಔಷಧಿ ಹೀರುವುದಿಲ್ಲ. ಅಡುಗೆಗೆ ಹಾಕುವ ಹುಳಿರಸ ಕಾಚಂಪುಳಿಗೂ ಇದೇ ಮಾತು.

ಬಿಡಲು ಯಾವ ಕಾಲ ಒಳ್ಳೆಯದು? ಕಕ್ಕಡದ (ಜುಲೈ–ಆಗಸ್ಟ್) ಮಳೆಯಲ್ಲಿ ಮನೆಯೊಳಗೆ ಕೂತು ಕರಿದದ್ದು ತಿನ್ನುವಾಗ ಬೇಡ ಎನ್ನುವುದು ನಮ್ಮ ಅಭಿಪ್ರಾಯ. ಕಾಫಿ ಕೊಯ್ಲಿನ ದಿನಗಳೇ ವಾಸಿ, ತೋಟದ ಏರು ಇಳಿಜಾರಿನಲ್ಲಿ ಓಡಾಟ ತಾನಾಗಿ ಆಗುತ್ತದೆ. ಮೊದಲ ತಿಂಗಳೇ ಊಟ ಬಿಟ್ಟು ಕಠಿಣ ಪಥ್ಯ ಮಾಡಬೇಡಿ. ಹಸಿವು ತಾಳಲಾಗದಾಗ ಕೈ ಮೊದಲು ಹೋಗುವುದು ಪ್ಯಾಕೆಟ್ಟಿಗೇ.

ತೋಟದ ಕಾರ್ಮಿಕರು ವಾಸಿಸುವ ಲೈನ್‌ಮನೆಗಳ ಸ್ಥಿತಿ ಇದಕ್ಕೆ ತೀರಾ ಉಲ್ಟಾ. ಅಲ್ಲಿ ಬೆಳಗಿನ ತಿಂಡಿಯ ಜಾಗದಲ್ಲಿ ಬೀಡಿ, ಇಲ್ಲವೆ ಎಲೆ ಅಡಿಕೆ ಜೊತೆ ಹೊಗೆಸೊಪ್ಪು. ಹಸಿವು ಅಡಗುತ್ತದೆ, ಮೈಗೆ ಅನ್ನ ಸಿಗುವುದಿಲ್ಲ. ತೂಕ ಕಡಿಮೆ ಇರುವುದು, ಹೊಗೆ ಸೇದುವುದು ಎರಡೂ ಕ್ಷಯಕ್ಕೆ ದಾರಿ. ‘ಬೀಡಿ ಸೇದಿ ಒಣಗಿದ್ದಾನೆ’ ಎಂದು ಸುಮ್ಮನಾಗುವುದೇ ಅಪಾಯ. ಎರಡು ವಾರ ಮೀರಿದ ಕೆಮ್ಮಿನ ಜೊತೆ ಮೈ ಇಳಿಯುತ್ತಿದ್ದರೆ ಕಫ ಪರೀಕ್ಷೆ ಮಾಡಿಸಲೇಬೇಕು, ಸರ್ಕಾರಿ ಆಸ್ಪತ್ರೆಯಲ್ಲಿ ಅದು ಉಚಿತ. ತೋಟದ ಮಾಲೀಕರು, ಉಸ್ತುವಾರಿ ನೋಡುವ ರೈಟರುಗಳು ಕೆಲಸಕ್ಕೆ ಮುಂಚೆ ಒಂದು ತಟ್ಟೆ ಉಪ್ಪಿಟ್ಟು ಕೊಡಿಸಿದರೆ ಬೆಳಗಿನ ಮೊದಲ ಬೀಡಿ ಅಷ್ಟಾದರೂ ತಡವಾಗುತ್ತದೆ.

ಇನ್ಸುಲಿನ್ ತೆಗೆದುಕೊಳ್ಳುವವರು ಸಿಗರೇಟು ಬಿಡುವ ಮೊದಲು ವೈದ್ಯರಿಗೆ ತಿಳಿಸಿ, ಡೋಸ್ ಬದಲಿಸಬೇಕಾಗಬಹುದು. ಉಳಿದವರಿಗೆ ಉಚಿತ ಸಹಾಯವಾಣಿ 1800-11-2356. ಪ್ಯಾಕೆಟ್ಟಿನ ಮೇಲೆಯೇ ಅಚ್ಚಾಗಿದೆ.

— ತಂಬಾಕು ಬಿಡಿಸುವ ಆಪ್ತಸಲಹೆಗಾರರು, ವಿರಾಜಪೇಟೆ