ಡಿಎಲ್‌ಎಲ್ ಬಿಡಿ ಕಡತ ಬೇಡ, ಪೂರ್ತಿ ಪ್ಯಾಕೇಜ್ ಹಾಕಿ

ಸಂಪಾದಕರಿಗೆ,

ಮಾನ್ಯರೇ,

ಹೊಸ ಪ್ರೋಗ್ರಾಂ ತೆರೆಯುವಾಗ ‘ವಿಸಿರನ್‌ಟೈಮ್140.ಡಿಎಲ್‌ಎಲ್ ಸಿಗಲಿಲ್ಲ’ ಎಂಬ ಸಂದೇಶ ಬಂದರೆ ಅನೇಕರು ಆ ಹೆಸರನ್ನೇ ಗೂಗಲ್ ಮಾಡಿ, ಉಚಿತವಾಗಿ ಡಿಎಲ್‌ಎಲ್ ಕೊಡುವ ಯಾವುದೋ ತಾಣದಿಂದ ಕಡತ ಇಳಿಸಿ, ವಿಂಡೋಸ್‌ನ ಸಿಸ್ಟಂ32 ಫೋಲ್ಡರಿಗೆ ಹಾಕಿಬಿಡುತ್ತಾರೆ. ಡಿಟಿಪಿ ಅಂಗಡಿ, ಸೈಬರ್ ಸೆಂಟರ್, ಶಾಲೆಯ ಲ್ಯಾಬ್‌ಗಳಲ್ಲೂ ಇದು ರೂಢಿಯಾಗಿದೆ. ದಯವಿಟ್ಟು ಇದನ್ನು ನಿಲ್ಲಿಸಬೇಕು.

ಡಿಎಲ್‌ಎಲ್ ಎಂದರೆ ಹಲವು ಪ್ರೋಗ್ರಾಂಗಳು ಹಂಚಿಕೊಂಡು ಬಳಸುವ ಕೋಡ್. ಅದನ್ನು ಕರೆಸಿಕೊಂಡ ಪ್ರೋಗ್ರಾಂಗೆ ಏನೆಲ್ಲ ಅಧಿಕಾರ ಇರುತ್ತದೋ ಅಷ್ಟೂ ಅಧಿಕಾರ ಆ ಡಿಎಲ್‌ಎಲ್‌ಗೂ ಸಿಗುತ್ತದೆ. ಬ್ಯಾಕಪ್, ಡಿಸ್ಕ್ ಕ್ಲೀನರ್, ಪಾರ್ಟಿಷನ್ ಮಾಡುವಂಥ ಯುಟಿಲಿಟಿಗಳು ಅಡ್ಮಿನಿಸ್ಟ್ರೇಟರ್ ಹಕ್ಕಿನಲ್ಲಿ ಓಡುತ್ತವೆ. ಗುರುತು ಪರಿಚಯವಿಲ್ಲದ ತಾಣದ ಕಡತವನ್ನು ಅವುಗಳ ಕೈಗೆ ಕೊಟ್ಟರೆ ಇಡೀ ಯಂತ್ರವನ್ನೇ ಒಪ್ಪಿಸಿದ ಹಾಗೆ.

ಕಾಣೆಯಾದ ಕಡತ ಯಾವ ಪ್ಯಾಕೇಜಿಗೆ ಸೇರಿದ್ದು ಎಂಬುದು ಬಹಳ ಸಲ ಹೆಸರಿನಲ್ಲೇ ತಿಳಿಯುತ್ತದೆ. ಎಂಎಸ್‌ವಿಸಿಆರ್100 ಇದ್ದರೆ ವಿಷುಯಲ್ ಸಿ++ (ಪ್ರೋಗ್ರಾಂ ಬರೆಯಲು ಬಳಸುವ ಮೈಕ್ರೋಸಾಫ್ಟ್ ಸಾಧನ) 2010, 110 ಇದ್ದರೆ 2012, 120 ಇದ್ದರೆ 2013. ವಿಸಿರನ್‌ಟೈಮ್140, ಎಂಎಸ್‌ವಿಸಿಪಿ140, ಎಂಎಫ್‌ಸಿ140ಯು ಇವೆಲ್ಲ 2015 ಮತ್ತು ಅದರ ನಂತರದ ಆವೃತ್ತಿಗಳ ಒಂದೇ ಪ್ಯಾಕೇಜಿನಲ್ಲಿವೆ. ‘ರೀಡಿಸ್ಟ್ರಿಬ್ಯುಟಬಲ್’ ಎಂಬ ಈ ಪ್ಯಾಕೇಜುಗಳನ್ನು ಮೈಕ್ರೋಸಾಫ್ಟ್ ತನ್ನ ತಾಣದಲ್ಲೇ ಉಚಿತವಾಗಿ ಕೊಡುತ್ತದೆ. ಹೊಸದು ಹಾಕಿದರೆ 2015, 2017, 2019ರವು ಅದರಲ್ಲೇ ಅಡಕ. 2010, 2012, 2013ರವು ಮಾತ್ರ ಬೇರೆ ಬೇರೆಯಾಗಿಯೇ ಇರಬೇಕು. ಕಂಟ್ರೋಲ್ ಪ್ಯಾನೆಲ್‌ನಲ್ಲಿ ಒಂದೇ ಥರದ ಹೆಸರುಗಳ ಸಾಲು ಕಂಡು ‘ಇಷ್ಟೆಲ್ಲ ಯಾಕೆ’ ಎಂದು ತೆಗೆದುಹಾಕುವವರಿದ್ದಾರೆ. ಮರುದಿನ ಯಾವುದೋ ಹಳೆಯ ಪ್ರೋಗ್ರಾಂ ತೆರೆಯುವುದಿಲ್ಲ.

ವಿಸಿರನ್‌ಟೈಮ್140 ಇದ್ದೂ ‘ವಿಸಿರನ್‌ಟೈಮ್140_1 ಇಲ್ಲ’ ಎಂದು ಬಂದರೆ ಯಂತ್ರದಲ್ಲಿರುವ ಪ್ಯಾಕೇಜ್ ಹಳೆಯದು ಎಂದರ್ಥ. ಈ ಕಡತ ಬಂದದ್ದು 2019ರ ಆವೃತ್ತಿಯಿಂದ. ಹೊಸ ಪ್ಯಾಕೇಜ್ ಹಾಕಿದರೆ ಸರಿಹೋಗುತ್ತದೆ.

ಹೆಚ್ಚು ಜನ ಎಡವುವುದು 32 ಬಿಟ್, 64 ಬಿಟ್ ವಿಚಾರದಲ್ಲಿ. 64 ಬಿಟ್ ವಿಂಡೋಸ್‌ನಲ್ಲಿ ಸಿಸ್ಟಂ32 ಫೋಲ್ಡರಿನಲ್ಲಿರುವುದು 64 ಬಿಟ್ ಕಡತಗಳು. 32 ಬಿಟ್‌ನವು ಇರುವುದು ಸಿಸ್‌ವಾವ್64ರಲ್ಲಿ. ಹೆಸರು ನೋಡಿದರೆ ತಿರುಗಾಮುರುಗಾ ಅನ್ನಿಸುತ್ತದೆ, ಆದರೆ ಇರುವುದೇ ಹಾಗೆ. 32 ಬಿಟ್ ಪ್ರೋಗ್ರಾಂ ಸಿಸ್ಟಂ32 ಎಂದು ಕೇಳಿದರೂ ವಿಂಡೋಸ್ ಅದನ್ನು ಸಿಸ್‌ವಾವ್64ಕ್ಕೆ ಕಳುಹಿಸುತ್ತದೆ. ಹೀಗಾಗಿ ಹೆಸರು ನಂಬಿ ಸಿಸ್ಟಂ32ಕ್ಕೆ ಹಾಕಿದ 32 ಬಿಟ್ ಕಡತ 32 ಬಿಟ್ ಪ್ರೋಗ್ರಾಂಗೆ ಕಾಣುವುದೇ ಇಲ್ಲ. 64 ಬಿಟ್ ಪ್ರೋಗ್ರಾಂ ಅದನ್ನು ಎತ್ತಿಕೊಳ್ಳಲು ಹೋಗಿ 0ಎಕ್ಸ್‌ಸಿ000007ಬಿ ಎಂಬ ದೋಷಸಂಖ್ಯೆ ತೋರಿಸಿ ನಿಂತುಬಿಡುತ್ತದೆ. ಅಲ್ಲಿಗೆ ಇದ್ದ ತೊಂದರೆ ಹೋಗಲಿಲ್ಲ, ಇಲ್ಲದ ತೊಂದರೆ ಬಂತು. ‘ಸಿಗಲಿಲ್ಲ’ ಎನ್ನುವ ಸಂದೇಶವು ಬೇಕಾದದ್ದು ಎಷ್ಟು ಬಿಟ್‌ನದು ಎಂದು ಹೇಳುವುದಿಲ್ಲ. ಆದ್ದರಿಂದ 64 ಬಿಟ್ ವಿಂಡೋಸ್‌ನಲ್ಲಿ ಎಕ್ಸ್86 (32 ಬಿಟ್), ಎಕ್ಸ್64 (64 ಬಿಟ್) ಎರಡೂ ಪ್ಯಾಕೇಜ್ ಹಾಕಿ, ಯಂತ್ರವನ್ನು ರೀಸ್ಟಾರ್ಟ್ ಮಾಡುವುದೇ ಸರಿ. 2015–2022ರವು ಎರಡೂ ಸೇರಿ 40 ಎಂಬಿ ಆಸುಪಾಸು.

ಈಗಾಗಲೇ ಬಿಡಿ ಕಡತ ಹಾಕಿದ್ದರೆ ಮೊದಲು ಅದನ್ನು ಅಳಿಸಬೇಕು, ಆಮೇಲೆ ಪ್ಯಾಕೇಜ್ ತೆರೆದು ‘ರಿಪೇರ್’ ಒತ್ತಬೇಕು. ಅಳಿಸದೆ ರಿಪೇರ್ ಮಾಡಿದರೆ, ಹಾಕಿದ ಕಡತದ ಆವೃತ್ತಿ ಸಂಖ್ಯೆ ಹೆಚ್ಚಿದ್ದ ಪಕ್ಷದಲ್ಲಿ ಇನ್‌ಸ್ಟಾಲರ್ ಅದನ್ನು ಮುಟ್ಟದೆ ಬಿಡಬಹುದು. ಅನುಮಾನವಿದ್ದರೆ ಕಡತದ ಪ್ರಾಪರ್ಟೀಸ್‌ನಲ್ಲಿ ಡಿಜಿಟಲ್ ಸಿಗ್ನೇಚರ್ಸ್ ಟ್ಯಾಬ್ ನೋಡಿ. ವಿಷುಯಲ್ ಸಿ++ ಕಡತಗಳಲ್ಲಿ ಮೈಕ್ರೋಸಾಫ್ಟ್ ಸಹಿ ಇರಲೇಬೇಕು. ಆದರೆ ವಿಂಡೋಸ್‌ನ ಸ್ವಂತ ಕಡತಗಳಲ್ಲಿ ಹಲವಕ್ಕೆ ಈ ಟ್ಯಾಬೇ ಇರುವುದಿಲ್ಲ. ಅವುಗಳ ಸಹಿ ಬೇರೊಂದು ಕ್ಯಾಟಲಾಗ್ ಕಡತದಲ್ಲಿರುತ್ತದೆ. ಗಾಬರಿಬಿದ್ದು ಅವನ್ನು ಅಳಿಸಬಾರದು.

ವಿಂಡೋಸ್‌ನದೇ ಕಡತ ಕೆಟ್ಟಿದ್ದರೆ ದಾರಿ ಬೇರೆ. ಕಮಾಂಡ್ ಪ್ರಾಂಪ್ಟನ್ನು ಅಡ್ಮಿನಿಸ್ಟ್ರೇಟರ್ ಆಗಿ ತೆರೆದು ಮೊದಲು ‘ಡಿಸ್ಮ್ /ಆನ್‌ಲೈನ್ /ಕ್ಲೀನಪ್-ಇಮೇಜ್ /ರೀಸ್ಟೋರ್‌ಹೆಲ್ತ್’ (DISM /Online /Cleanup-Image /RestoreHealth), ಅದು ಮುಗಿದ ಮೇಲೆ ‘ಎಸ್‌ಎಫ್‌ಸಿ /ಸ್ಕ್ಯಾನ್‌ನೌ’ (sfc /scannow) ಆಜ್ಞೆಯನ್ನು ಇಂಗ್ಲಿಷಿನಲ್ಲಿ ಟೈಪ್ ಮಾಡಿ. ಎಸ್‌ಎಫ್‌ಸಿ ಒಳ್ಳೆಯ ಪ್ರತಿ ತರುವುದು ವಿಂಡೋಸ್‌ನ ಒಳ ಉಗ್ರಾಣದಿಂದ. ಡಿಸ್ಮ್ ಆ ಉಗ್ರಾಣವನ್ನೇ ಸರಿಪಡಿಸುತ್ತದೆ, ಹಾಗಾಗಿ ಅದು ಮೊದಲು. ಪ್ರೋಗ್ರಾಂ ತಯಾರಕರ ಸ್ವಂತ ಡಿಎಲ್‌ಎಲ್ ಕಾಣೆಯಾಗಿದ್ದರೆ ಆ್ಯಂಟಿವೈರಸ್‌ನ ಹಿಸ್ಟರಿ ನೋಡಿ, ಅಲ್ಲಿ ಏನೂ ಇಲ್ಲದಿದ್ದರೆ ಪ್ರೋಗ್ರಾಮನ್ನೇ ಮತ್ತೆ ಇನ್‌ಸ್ಟಾಲ್ ಮಾಡಿ. ಕ್ರ್ಯಾಕ್ ಮಾಡಿದ ಪ್ರೋಗ್ರಾಂನ ಕಡತವನ್ನು ಆ್ಯಂಟಿವೈರಸ್ ತಡೆದಿದ್ದರೆ ಅದನ್ನು ಬಿಡಿಸಿಕೊಳ್ಳಲು ಹೋಗಬಾರದು.

ಡಿಎಲ್‌ಎಲ್ ಅನ್ನು ವಿಂಡೋಸ್‌ನಲ್ಲಿ ನೋಂದಾಯಿಸಲು ಹಲವರು ಸೂಚಿಸುವ ರೆಗ್‌ಎಸ್‌ವಿಆರ್32 ಆಜ್ಞೆ ಇಲ್ಲಿ ನಿರುಪಯೋಗಿ. ಅದು ತಮ್ಮನ್ನು ತಾವು ನೋಂದಾಯಿಸಿಕೊಳ್ಳುವ ಕಾಮ್ (COM) ಜಾತಿಯ ಡಿಎಲ್‌ಎಲ್‌ಗಳಿಗೆ ಮಾತ್ರ. ವಿಸಿರನ್‌ಟೈಮ್ ಕೊಟ್ಟರೆ ಎಂಟ್ರಿ ಪಾಯಿಂಟ್ ಸಿಗಲಿಲ್ಲ ಎಂದಷ್ಟೇ ಹೇಳುತ್ತದೆ.

ಕನ್ನಡದ ತಂತ್ರಾಂಶ ತಯಾರಿಸುವವರಲ್ಲೂ ಒಂದು ಕೋರಿಕೆ. ನಿಮ್ಮ ಇನ್‌ಸ್ಟಾಲರ್ ಒಳಗೇ ರೀಡಿಸ್ಟ್ರಿಬ್ಯುಟಬಲ್ ಸೇರಿಸಿ. ಡಿಎಲ್‌ಎಲ್‌ಗಳನ್ನು ನಿಮ್ಮ ಪ್ರೋಗ್ರಾಂನ ಫೋಲ್ಡರಿಗೇ ನಕಲು ಮಾಡಿಕೊಟ್ಟರೂ ಕೆಲಸ ನಡೆಯುತ್ತದೆ. ಆದರೆ ಭದ್ರತಾ ದೋಷ ಕಂಡುಬಂದಾಗ ಆ ನಕಲನ್ನು ಬೇರೆ ಯಾರೂ ಬದಲಿಸುವುದಿಲ್ಲ, ನೀವೇ ಹೊಸ ಆವೃತ್ತಿ ಹೊರತರಬೇಕಾಗುತ್ತದೆ. ಜಿಪ್ ರೂಪದಲ್ಲಿ ಕೊಡುವವರು ಯಾವ ವರ್ಷದ, ಎಷ್ಟು ಬಿಟ್‌ನ ಪ್ಯಾಕೇಜ್ ಬೇಕೆಂದು ಡೌನ್‌ಲೋಡ್ ಪುಟದಲ್ಲೇ ಕನ್ನಡದಲ್ಲಿ ಬರೆದು, ಮೈಕ್ರೋಸಾಫ್ಟ್ ಪುಟದ ಕೊಂಡಿ ಕೊಡಿ.

– ಕಂಪ್ಯೂಟರ್ ನಿರ್ವಹಣೆ ವೃತ್ತಿಯ ಓದುಗ, ದಾವಣಗೆರೆ