ಪುಟ್ಟಿ, ನಿಂಗೆ ಹೇಳದೇ ಇದ್ದ ಮೆಟ್ಟಿಲಿನ ಕಥೆ

ಪುಟ್ಟಿ,

ನಿನ್ನ ಮುಂಬೈ ಆಕ್ಟಿಂಗ್ ವಿಷಯಕ್ಕೆ ಭಾನುವಾರ ಊಟದ ಹೊತ್ತಲ್ಲಿ ಆಗಿದ್ದನ್ನ ಮತ್ತೆ ಎತ್ತಲ್ಲ, ನೀನೂ ಮರೆತಿಲ್ಲ ನಾನೂ ಮರೆತಿಲ್ಲ. ಆದ್ರೆ ಬಾಗಿಲು ಹಾಕ್ಕೊಳ್ಳೋ ಮುಂಚೆ ಒಂದು ಮಾತಂದೆ ನೋಡು, "ಆ ರಷ್ಯಾದವನ ಫೋಟೋ ಇಷ್ಟು ವರ್ಷದಿಂದ ಬೀರುವಲ್ಲಿ ಇಟ್ಕೊಂಡಿದೀಯಲ್ಲಪ್ಪ, ಅವನೂ ಆಕ್ಟರ್ರೇ ತಾನೇ" ಅಂತ, ಅದಕ್ಕೆ ಮೂರು ದಿನದಿಂದ ಉತ್ತರ ಹುಡುಕ್ತಿದೀನಿ.

ಹೌದು, ಸ್ಮೊಕ್ತುನೊವ್ಸ್ಕಿ ಆಕ್ಟರ್ರೇ. ಕಾಲೇಜ್ ಟೈಮಲ್ಲಿ ಬೆಂಗಳೂರಿನ ಒಂದು ಫಿಲ್ಮ್ ಸೊಸೈಟೀಲಿ ಡೈರೆಕ್ಟರ್ ಕೊಜಿಂತ್ಸೆವ್ ಮಾಡಿದ್ದ 1964ರ ಹ್ಯಾಮ್ಲೆಟ್ ಸಿನಿಮಾ ನೋಡಿ ತಲೆ ಕೆಟ್ಟೋಗಿತ್ತು ನಂಗೆ. ಸಮುದ್ರ, ಶೊಸ್ಟಕೋವಿಚ್ ಸಂಗೀತ, ನಡುವೆ ಹ್ಯಾಮ್ಲೆಟ್ ಆಗಿ ಇವನ ಮುಖ, ಪುಣ್ಯಾತ್ಮ ಕೂಗಾಡೋದೇ ಇಲ್ಲ. ನಿಂಗೆ ಮಲಗೋವಾಗ ಹೇಳ್ತಿದ್ದಿದ್ದು ಬರೀ ಇವನ ಯುದ್ಧದ ಕಥೆ, 1943ರಲ್ಲಿ ಜರ್ಮನ್ನರ ಕೈಗೆ ಸಿಕ್ಕಿದ್ದು, ಸೇತುವೆ ಕೆಳಗೆ ಅಡಗಿ ತಪ್ಪಿಸ್ಕೊಂಡಿದ್ದು, ಉಕ್ರೇನಿನ ಹಳ್ಳಿ ಅಜ್ಜಿ ಕಾಪಾಡಿದ್ದು. ಸೇತುವೆ ಭಾಗ ಎರಡೆರಡು ಸಲ ಹೇಳಿಸ್ತಿದ್ದೆ ನೀನು.

ಮೆಟ್ಟಿಲಿನ ಕಥೆ ಮಾತ್ರ ಹೇಳಿರ್ಲಿಲ್ಲ.

ಶತ್ರು ಕೈಲಿ ಸಿಕ್ಕಿದ್ದೋರು ಅಂದ್ರೆ ಸ್ಟಾಲಿನ್ ಕಾಲದಲ್ಲಿ ಅನುಮಾನ, ಹಿಡಿದು ಕೈದಿಗಳ ಕ್ಯಾಂಪಿಗೆ ಹಾಕಿದ್ರೂ ಹಾಕಿದ್ರೇ. ಅದಕ್ಕೇ 1946ರಲ್ಲಿ ತಾನಾಗೇ ನೊರಿಲ್ಸ್ಕ್‌ಗೆ ಹೋದ, ಉತ್ತರ ಧ್ರುವದ ಕಡೆ, ಕೈದಿಗಳ ಕೈಲಿ ಕಟ್ಟಿಸಿದ ಊರು. ಅದಕ್ಕಿಂತ ಆಚೆ ಇನ್ನೆಲ್ಲಿಗೆ ಕಳಿಸ್ತಾರೆ ಅನ್ನೋ ಲೆಕ್ಕ. ಅಲ್ಲಿ ನಾಟಕ ಮಾಡ್ಕೊಂಡಿದ್ದ, ಆಮೇಲೆ ಬೇರೆ ಊರುಗಳಲ್ಲಿ, ಮಖಚ್ಕಲಾ, ಸ್ಟಾಲಿನ್‌ಗ್ರಾಡ್. 1955ರಲ್ಲಿ ಮಾಸ್ಕೋಗೆ ಬಂದಾಗ ಮೂವತ್ತು ತುಂಬ್ತಾ ಇತ್ತು, ಒಂದಾದ್ಮೇಲೊಂದು ಥಿಯೇಟರ್‌ನೋರು ಬೇಡ ಅಂದ್ರು. ಮೈಮೇಲಿದ್ದ ಸ್ಕೀ ಆಡೋ ಡ್ರೆಸ್ಸೇ ಗತಿ, ರಾತ್ರಿ ಯಾರದೋ ಅಪಾರ್ಟ್‌ಮೆಂಟಿನ ಮೆಟ್ಟಿಲ ಹತ್ರ ಮಲಗ್ತಿದ್ದ.

ಮೊದಲೆಲ್ಲ ಇದನ್ನ ಓದಿದ್ರೆ ಎಂಥ ಛಲ ಅನ್ಸೋದು, ಆಫೀಸಲ್ಲಿ ಎಲ್ರಿಗೂ ಹೇಳ್ಕೊಂಡು ಓಡಾಡಿದೀನಿ. ನೀನು ಕೆಲಸಕ್ಕೆ ಪೇಪರ್ ಹಾಕಿದೀನಿ, ಮುಂಬೈಗೆ ಹೋಗ್ತೀನಿ ಅಂದ ದಿನದಿಂದ ಆ ಮೆಟ್ಟಿಲ ಮೇಲೆ ಅವನು ಕಾಣ್ತಾನೇ ಇಲ್ಲ, ನೀನು ಮಲಗಿರ್ತೀಯ. ತಲೆ ಕೆಳಗೆ ಆ ನೀಲಿ ಬ್ಯಾಗು, ಲಿಫ್ಟ್ ಸದ್ದಾದ್ರೆ ಎದ್ದು ಕೂರ್ತೀಯ, ವಾಚ್‌ಮನ್ ಬಂದು ಹಿಂದೀಲಿ ಏನೋ ಬಯ್ತಾನೆ, ಬೆಳಿಗ್ಗೆ ಎಲ್ಲಿ ಮುಖ ತೊಳ್ಕೊಂಡು ಆಡಿಷನ್‌ಗೆ ಹೋಗ್ತೀಯ ಅಂತ ನಂಗೆ ಗೊತ್ತಾಗಲ್ಲ. ಮೂರು ಗಂಟೆಗೆ ಯಾಕೆ ಎದ್ದು ಕೂತಿದೀರ ಅಂತ ನಿಮ್ಮಮ್ಮ ಕೇಳಿದ್ಲು, ಆ್ಯಸಿಡಿಟಿ ಅಂದೆ. ಮತ್ತೆ ಮಲಗಿದ್ರೆ ಮತ್ತದೇ ಮೆಟ್ಟಿಲು.

ಮುಂದೆ ಒಳ್ಳೇದಾಯ್ತು ಬಿಡು ಅವನಿಗೆ. 1957ರ ಡಿಸೆಂಬರ್ 31ಕ್ಕೆ ಲೆನಿನ್‌ಗ್ರಾಡಲ್ಲಿ ದಾಸ್ತೊಯೆವ್ಸ್ಕಿ ಕಾದಂಬರಿಯ 'ಈಡಿಯಟ್' ನಾಟಕದಲ್ಲಿ ಹೀರೋ ಮಿಶ್ಕಿನ್ ಆಗಿ ನಿಂತ, ಅಲ್ಲಿಂದ ತಿರುಗಿ ನೋಡ್ಲಿಲ್ಲ. ರಿಹರ್ಸಲಲ್ಲಿ ಪಾತ್ರ ಕೈಗೇ ಹತ್ತಿರ್ಲಿಲ್ಲವಂತೆ, ಒಂದಿನ ಸ್ಟುಡಿಯೋ ಗಲಾಟೆ ಮಧ್ಯೆ ಯಾರೋ ಒಬ್ಬ ತನ್ನಪಾಡಿಗೆ ಓದ್ಕೊಂಡು ನಿಂತಿದ್ದು ನೋಡಿ ಇವನೇ ಮಿಶ್ಕಿನ್ ಅನ್ನಿಸ್ತಂತೆ. ಅದಕ್ಕೇ ಹೇಳೋದು, ಯಾವಾಗ್ಲೂ ಫೋನ್ ನೋಡ್ತಾ ಕೂರ್ಬೇಡ, ಜನರನ್ನ ನೋಡು. ಹ್ಯಾಮ್ಲೆಟ್ ಆದ ಎರಡೇ ವರ್ಷಕ್ಕೆ ಒಂದು ಕಾಮಿಡಿ ಸಿನಿಮಾದಲ್ಲಿ ಕಾರು ಕದಿಯೋ ಇನ್ಶೂರೆನ್ಸ್ ಏಜೆಂಟ್ ಪಾರ್ಟು ಮಾಡ್ದ, ನೀನೂ ಕಾಮಿಡಿ ಬೇಡ ಅದು ಬೇಡ ಅನ್ಬೇಡ. ಪಿಎಫ್ ದುಡ್ಡು ತೆಗೀಬೇಡ. ರಾತ್ರಿ ಮೀಟಿಂಗ್ ಅಂತ ಯಾರೇ ಕರೆದ್ರೂ ಹೋಗ್ಬೇಡ. ಲೆಕ್ಚರ್ ಕೊಡಲ್ಲ ಅಂದ್ಕೊಂಡೇ ಬರೆಯೋಕೆ ಕೂತಿದ್ದೆ, ಆಯ್ತಲ್ಲ.

ಕಾಲೇಜ್ ಡೇ ನಾಟಕದಲ್ಲಿ ನೀನು ಆ ಮುದುಕಿ ಪಾರ್ಟು ಮಾಡಿದ್ದಾಗ ನಾನು ಮಧ್ಯದಲ್ಲಿ ಎದ್ದು ಹೊರಗೆ ಹೋಗಿದ್ದು ಬೇಜಾರಾಗಿ ಅಲ್ಲ. ಅಷ್ಟು ಜನರ ಮುಂದೆ ಅಳೋಕೆ ಆಗ್ಲಿಲ್ಲ, ಅಷ್ಟೇ. ಆವತ್ತೇ ಹೇಳ್ಬೇಕಿತ್ತು. ಭಾನುವಾರ ನಾನಂದಿದ್ದು ತಪ್ಪು. ತಟ್ಟೆ ತಳ್ಳಿದ್ದು ನಿಂದೂ ತಪ್ಪೇ.

ಅಮ್ಮನ ದಪ್ಪ ಶಾಲು ನೀಲಿ ಬ್ಯಾಗಲ್ಲಿ ಕೆಳಗಡೆ ಇಟ್ಟಿದೀನಿ, ಮುಂಬೈಲಿ ಚಳಿ ಎಲ್ಲಿದೆ ಅಂತ ತೆಗೆದಿಡ್ಬೇಡ. ರೂಮ್ ಸಿಕ್ಕಿದ ಕೂಡ್ಲೇ ಫೋನ್ ಮಾಡು. ನಂಗೆ ಮಾಡೋಕೆ ಇಷ್ಟ ಇಲ್ದಿದ್ರೆ ಅಮ್ಮಂಗೇ ಮಾಡು, ಬಾಗಿಲಿಗೆ ಒಳಗಡೆಯಿಂದ ಚಿಲಕ ಇದೆ ಅಂತ ಹೇಳು ಸಾಕು.

ಅಪ್ಪ