ಎಲಿಯಾಸ್ ಕೆರೆಹೆತಾ ಮತ್ತು ಅವರ ಬಳಗಕ್ಕೆ ಧನ್ಯವಾದ

1976ರ ಜನವರಿಯಲ್ಲಿ ಮ್ಯಾಡ್ರಿಡ್‌ನಲ್ಲಿ ತೆರೆಕಂಡ 'ಕ್ರಿಯಾ ಕ್ವೆರ್ವೊಸ್' ಎಂಬ ಸ್ಪ್ಯಾನಿಷ್ ಚಿತ್ರಕ್ಕೆ 50 ವರ್ಷ ತುಂಬಿದೆ. ಇಂಥ ಹೊತ್ತಿನಲ್ಲಿ ಹಾರ ಬೀಳುವುದು ನಿರ್ದೇಶಕ ಕಾರ್ಲೋಸ್ ಸೌರಾ ಅವರ ಕೊರಳಿಗೆ. ಅದು ಸಲ್ಲಬೇಕಾದದ್ದೇ. ನಮ್ಮ ಈ ಧನ್ಯವಾದ ಮಾತ್ರ ನಿರ್ಮಾಪಕ ಎಲಿಯಾಸ್ ಕೆರೆಹೆತಾ ಅವರಿಗೆ, ಅವರು ಕಟ್ಟಿ ಉಳಿಸಿಕೊಂಡ ಬಳಗಕ್ಕೆ.

ಸ್ಪೇನಿನ ಬಾಸ್ಕ್ ಸೀಮೆಯ ಎರ್ನಾನಿಯಲ್ಲಿ 1934ರಲ್ಲಿ ಹುಟ್ಟಿದ ಅವರು ಮೊದಲು ರಿಯಲ್ ಸೊಸಿಯೆದಾದ್ ತಂಡದ ಫುಟ್‌ಬಾಲ್ ಆಟಗಾರ. 1963ರಲ್ಲಿ ಸ್ವಂತ ನಿರ್ಮಾಣ ಸಂಸ್ಥೆ ತೆರೆದರು. ಕ್ಯಾಮೆರಾಕ್ಕೆ ಲೂಯಿಸ್ ಕ್ವಾದ್ರಾದೊ, ಸಂಕಲನಕ್ಕೆ ಪಾಬ್ಲೊ ದೆಲ್ ಆಮೊ, ಸಂಗೀತಕ್ಕೆ ಲೂಯಿಸ್ ದೆ ಪಾಬ್ಲೊ, ನಿರ್ಮಾಣ ನಿರ್ವಹಣೆಗೆ ಪ್ರಿಮಿತಿವೊ ಆಲ್ವಾರೊ: ನಿರ್ದೇಶಕರು ಬದಲಾದರೂ ಈ ಬಳಗ ಹೆಚ್ಚುಕಡಿಮೆ ಅದೇ. ಖರ್ಚು ಹಿಡಿತದಲ್ಲಿಡುವ ದಾರಿಯೂ ಅವರಿಗೆ ಗೊತ್ತಿತ್ತು. 1966ರಲ್ಲಿ ಬರ್ಲಿನ್ ಚಿತ್ರೋತ್ಸವದಲ್ಲಿ ಸೌರಾಗೆ 'ಬೆಳ್ಳಿ ಕರಡಿ' ಪ್ರಶಸ್ತಿ ತಂದ 'ಲಾ ಕಾಥಾ' ನೋಡಿ. ನಾಲ್ವರು ಬೇಟೆಗಾರರು, ಒಂದು ಬೋಳು ಬಯಲು, ಕಪ್ಪು-ಬಿಳುಪು ಫಿಲ್ಮು, ಕಣ್ಣು ಕುಕ್ಕುವ ಬಿಸಿಲು, ಒಂದೇ ದಿನದ ಕಥೆ.

ಸರ್ವಾಧಿಕಾರಿ ಫ್ರಾಂಕೊ ಕಾಲದಲ್ಲಿ ಸೆನ್ಸಾರಿನದು ಎರಡು ಗೇಟು. ಮೊದಲು ಚಿತ್ರಕಥೆಗೆ ಒಪ್ಪಿಗೆ ಬೇಕು, ಆಮೇಲೆ ಮುಗಿದ ಚಿತ್ರಕ್ಕೆ. ಎರಡನೆಯದೇ ಹೆಚ್ಚು ಅಪಾಯದ್ದು, ಅಷ್ಟರಲ್ಲಿ ದುಡ್ಡೆಲ್ಲ ಸುರಿದಾಗಿರುತ್ತದೆ. ಹೊರದೇಶದ ಚಿತ್ರೋತ್ಸವದಲ್ಲಿ ಹೆಸರು ಮಾಡಿದ ಚಿತ್ರಕ್ಕೆ ಕತ್ತರಿ ಹಾಕಲು ಸರ್ಕಾರಕ್ಕೂ ಮುಜುಗರ. ಆ ಮುಜುಗರವೇ ಕೆರೆಹೆತಾ ಅವರಿಗೆ ಗುರಾಣಿಯಾಯಿತು. 1974ರ 'ಲಾ ಪ್ರಿಮಾ ಆಂಹೆಲಿಕಾ'ದಲ್ಲಿ ಒಬ್ಬ ಫಲಾಂಜಿಸ್ಟನ, ಅಂದರೆ ಫ್ರಾಂಕೊ ಪರ ಫ್ಯಾಸಿಸ್ಟ್ ಪಕ್ಷದವನ, ಮುರಿದ ಕೈಗೆ ಹಾಕಿದ ಪ್ಲಾಸ್ಟರು ಫ್ಯಾಸಿಸ್ಟ್ ಸಲ್ಯೂಟಿನ ಭಂಗಿಯಲ್ಲೇ ಗಟ್ಟಿಯಾಗಿ ನಿಂತಿರುತ್ತದೆ. ಬಲಪಂಥೀಯರು ಚಿತ್ರಮಂದಿರದ ಮೇಲೆ ದಾಳಿ ಮಾಡಿದರು. ದೃಶ್ಯ ತೆಗೆಯಿರಿ ಎಂಬ ಒತ್ತಡ ಬಂತು. ಕೆರೆಹೆತಾ ಒಪ್ಪಲಿಲ್ಲ. ಆ ಕೈ ಇವತ್ತಿಗೂ ಚಿತ್ರದಲ್ಲಿದೆ.

ಒಂದೇ ಬಳಗವನ್ನು ಉಳಿಸಿಕೊಂಡದ್ದರ ಬೆಲೆ ಗೊತ್ತಾಗುವುದು ಕ್ವಾದ್ರಾದೊ ವಿಷಯದಲ್ಲಿ. ವಿಕ್ಟರ್ ಎರಿಸೆಯವರ 1973ರ 'ಎಲ್ ಎಸ್ಪಿರಿತು ದೆ ಲಾ ಕೊಲ್ಮೆನಾ'ದಲ್ಲಿ ಜೇನುಹಟ್ಟಿಯ ಕೋಶಗಳಂಥ ಆರು ಮೂಲೆಯ ಹಳದಿ ಗಾಜುಗಳಿಂದ ಮನೆಯೊಳಕ್ಕೆ ಇಳಿಯುವ ಜೇನುಬಣ್ಣದ ಬೆಳಕು ಕ್ವಾದ್ರಾದೊ ಅವರದೇ. ಆ ಹೊತ್ತಿಗಾಗಲೇ ಅವರ ದೃಷ್ಟಿ ಕುಂದುತ್ತಿತ್ತು. ಅವರ ಜೊತೆ ಕ್ಯಾಮೆರಾ ನಡೆಸಿ ಪಳಗಿದ್ದ ತಿಯೊ ಎಸ್ಕಮಿಯಾ ಮುಂದೆ ಹೊಣೆ ಹೊತ್ತರು. 'ಕ್ರಿಯಾ ಕ್ವೆರ್ವೊಸ್'ನ ಛಾಯಾಗ್ರಹಣ ಎಸ್ಕಮಿಯಾ ಅವರದು. ಆ ಚಿತ್ರಕ್ಕೆ ಕಾನ್ ಚಿತ್ರೋತ್ಸವದಲ್ಲಿ ಜ್ಯೂರಿಯ ವಿಶೇಷ ಮಹಾ ಪ್ರಶಸ್ತಿ ಬಂತು.

ಆಮೇಲೂ ಕೆರೆಹೆತಾ 1984ರ 'ತಾಸಿಯೊ'ದಲ್ಲಿ ಮೊಂಚೊ ಅರ್ಮೆಂದಾರಿಸ್, 2002ರ 'ಲೊಸ್ ಲುನೆಸ್ ಅಲ್ ಸೊಲ್'ನಲ್ಲಿ ಫೆರ್ನಾಂದೊ ಲಿಯೊನ್ ದೆ ಅರಾನೊವಾ, ಹೀಗೆ ಹೊಸ ತಲೆಮಾರಿನ ನಿರ್ದೇಶಕರ ಬೆನ್ನಿಗೆ ನಿಂತರು. 2013ರಲ್ಲಿ ತೀರಿಕೊಂಡರು.

ಒಂದು ಕೊರಗು ಮಾತ್ರ ಉಳಿದಿದೆ. ಎರಿಸೆ ನಿರ್ದೇಶನದ 1983ರ 'ಎಲ್ ಸುರ್' ಚಿತ್ರೀಕರಣವನ್ನು ಕೆರೆಹೆತಾ ಅರ್ಧಕ್ಕೇ ನಿಲ್ಲಿಸಿದರು, ದಕ್ಷಿಣ ಸ್ಪೇನಿನ ಆಂಡಲೂಸಿಯಾದಲ್ಲಿ ನಡೆಯಬೇಕಿದ್ದ ಭಾಗವನ್ನು ಚಿತ್ರೀಕರಿಸಲೇ ಇಲ್ಲ. ಎರಿಸೆಯವರ ಕಡೆಯಿಂದ ನೋಡಿದರೆ ಅದು ದೊಡ್ಡ ನಷ್ಟ, ನಾವೂ ಹಾಗೇ ಅಂದುಕೊಂಡಿದ್ದೇವೆ. ಹುಡುಗಿ ಪೆಟ್ಟಿಗೆ ತುಂಬಿಕೊಂಡು ದಕ್ಷಿಣಕ್ಕೆ ಹೊರಡುವಲ್ಲಿಗೆ ಚಿತ್ರ ನಿಲ್ಲುತ್ತದೆ. ಅಲ್ಲಿಯವರೆಗೆ ಕರೆತಂದದ್ದಕ್ಕೂ ಧನ್ಯವಾದ.